ಮುಖ ಅವರದು, ದನಿ ಇನ್ಯಾರದೋ: ಒಬ್ಬ ತುರ್ಕ್‌ಮೆನ್ ನಟನ ಪ್ರಕರಣ

ಈ ನಟರ ಹೆಸರು ಹೇಳುವುದಿಲ್ಲ. ತುರ್ಕ್‌ಮೆನ್ನರು ಹಿರಿಯ ಗಂಡಸರ ಹೆಸರಿನ ಕೊನೆಗೆ ‘ಆಗಾ’ ಸೇರಿಸಿ ಕರೆಯುತ್ತಾರೆ, ನಾವು ‘ಅಣ್ಣ’, ‘ಅಪ್ಪ’ ಸೇರಿಸಿದ ಹಾಗೆ. ಇಲ್ಲಿ ಹೆಸರು ಕಿತ್ತುಹಾಕಿ ಬರೀ ‘ಆಗಾ’ ಉಳಿಸಿಕೊಂಡಿದ್ದೇನೆ. ಗುರುತು ಸಿಗಬಾರದೆಂದು ಅವರ ಸ್ವಂತ ಬದುಕಿನ ವಿವರಗಳನ್ನು ಬದಲಿಸಿದ್ದೇನೆ. ಅದೇ ಪೀಳಿಗೆಯ ಇನ್ನೂ ಕೆಲವರ ಪಾಡು ಇವರ ಪಾಡಿನೊಳಗೆ ಸೇರಿದೆ. ದೇಶದಲ್ಲಿ ನಡೆದದ್ದು, ಅದರ ಇಸವಿಗಳು ಮಾತ್ರ ಇದ್ದದ್ದು ಇದ್ದ ಹಾಗೇ ಇವೆ.

ನಟನೆ ಕಲಿಯುವ ಹುಡುಗರು ‘ಕಾಲ ಬದಲಾದರೆ ಏನು ಮಾಡೋದು ಸಾರ್?’ ಎಂದು ಕೇಳಿದಾಗಲೆಲ್ಲ ನನಗೆ ಆಗಾ ನೆನಪಾಗುತ್ತಾರೆ. ಅವರ ಕಾಲ ಒಂದು ಸಲ ಅಲ್ಲ, ಮೂರು ಸಲ ಮಗುಚಿಕೊಂಡಿತು.

ಹಿನ್ನೆಲೆ

ಆಗಾ ಹುಟ್ಟಿದ್ದು ಎರಡನೇ ಮಹಾಯುದ್ಧ ಮುಗಿಯುವ ಹೊತ್ತಿಗೆ. ಆಗ ಸೋವಿಯತ್ ಒಕ್ಕೂಟದ ಗಣರಾಜ್ಯವಾಗಿದ್ದ ತುರ್ಕ್‌ಮೆನಿಸ್ತಾನದಲ್ಲಿ, ಮುರ್ಗಾಬ್ ನದಿ ಬಯಲಿನ ಒಂದು ಹಳ್ಳಿ. ಹತ್ತಿ ಬೆಳೆಯುವ ಸಾಮೂಹಿಕ ಬೇಸಾಯದ ಊರು. ಅಲ್ಲಿ ಸಿನಿಮಾ ಅಂದರೆ ಲಾರಿಯಲ್ಲಿ ಬರುವ ಪ್ರೊಜೆಕ್ಟರು, ಸುಣ್ಣ ಬಳಿದ ಗೋಡೆ, ನೆಲದ ಮೇಲೆ ಕಂಬಳಿ ಹಾಸಿ ಕೂತ ಜನ. 1954ರಲ್ಲಿ ರಾಜ್ ಕಪೂರ್ ಚಿತ್ರ ಸೋವಿಯತ್ ಒಕ್ಕೂಟಕ್ಕೆ ಬಂದ ಮೇಲೆ ಆ ಸೀಮೆಗೆ ಹಿಂದಿ ಸಿನಿಮಾದ ಹುಚ್ಚು ಹಿಡಿಯಿತು. ಹಾಡುಗಳು ಹಿಂದಿಯಲ್ಲೇ ಇರುತ್ತಿದ್ದವು, ಮಾತು ಮಾತ್ರ ರಷ್ಯನ್. ರಾಜ್ ಕಪೂರ್ ಬಾಯಲ್ಲಿ ಬರುತ್ತಿರುವುದು ಯಾರೋ ರಷ್ಯನ್ ನಟನ ದನಿ ಎಂದು ಹುಡುಗನಿಗೆ ಆಗ ಹೊಳೆದಿರಲಿಲ್ಲ. (ಹಾಡಿನಲ್ಲೂ ಅದು ಮುಕೇಶ್ ದನಿ ಅನ್ನೋದು ಬೇರೆ ಮಾತು.)

ಹುಡುಗನ ಕಿವಿ ತಯಾರಾದದ್ದು ಸಿನಿಮಾದಿಂದಲ್ಲ, ಬಖ್ಷಿಗಳಿಂದ. ಎರಡು ತಂತಿಯ ದುತಾರ್ ಹಿಡಿದು ರಾತ್ರಿಯಿಡೀ ಕತೆ ಹಾಡುವವರನ್ನು ಬಖ್ಷಿ ಅನ್ನುತ್ತಾರೆ. ಅವರ ದನಿ ಗಂಟಲಿನ ಆಳದಿಂದ, ಬಿಕ್ಕಿ ಬಿಕ್ಕಿ ಬಂದ ಹಾಗೆ ಬರುತ್ತದೆ. ಮನೆಗೆ ಬಂದು ಆ ಹುಡುಗ ಅದನ್ನೇ ಅಣಕಿಸುತ್ತಿದ್ದ. ಊರಿಗೆ ಬಂದ ಒಬ್ಬ ಮೇಷ್ಟ್ರು ಅದನ್ನು ಕೇಳಿ ರಾಜಧಾನಿ ಅಶ್ಗಾಬಾತ್‌ಗೆ ಕಳಿಸಿದರು. ಅಲ್ಲಿಂದ ಮಾಸ್ಕೊದ ನಾಟಕ ವಿದ್ಯಾಲಯ ಗಿಟಿಸ್. ಒಂದೊಂದು ಗಣರಾಜ್ಯದಿಂದ ಒಂದೊಂದು ತಂಡ ಹುಡುಗರನ್ನು ಕರೆಸಿ, ಒಟ್ಟಿಗೆ ಕಲಿಸಿ, ಒಟ್ಟಿಗೇ ಊರಿನ ರಂಗಮಂದಿರಕ್ಕೆ ವಾಪಸ್ ಕಳಿಸುವ ಪದ್ಧತಿ ಅಲ್ಲಿತ್ತು. ಹಾಗೆ ಆಗಾ ರಾಜಧಾನಿಯ ಒಂದು ರಂಗಮಂದಿರದಲ್ಲಿ ಸಂಬಳದ ನಟರಾದರು. ನಾಟಕ ತುರ್ಕ್‌ಮೆನ್ ಭಾಷೆಯಲ್ಲಿ. ಶೇಕ್ಸ್‌ಪಿಯರ್ ಕೂಡ ತುರ್ಕ್‌ಮೆನ್‌ನಲ್ಲೇ.

ಅಶ್ಗಾಬಾತ್‌ನಲ್ಲಿ ಸಿನಿಮಾ ಸ್ಟುಡಿಯೊ 1926ರಿಂದಲೇ ಇತ್ತು. 1948ರ ಅಕ್ಟೋಬರ್ 6ರ ರಾತ್ರಿಯ ಭೂಕಂಪ ಊರಿಗೆ ಊರನ್ನೇ ಕೆಡವಿತು, ಸ್ಟುಡಿಯೊನೂ ಬಿತ್ತು. ಮತ್ತೆ ಕಟ್ಟಿದರು. 1958ರಲ್ಲಿ ಅದಕ್ಕೆ ತುರ್ಕ್‌ಮೆನ್‌ಫಿಲ್ಮ್ ಎಂಬ ಹೆಸರು ಬಂತು. ಒಕ್ಕೂಟದ ಚಿಕ್ಕ ಸ್ಟುಡಿಯೊಗಳಲ್ಲಿ ಒಂದು, ವರ್ಷಕ್ಕೆ ಬೆರಳೆಣಿಕೆಯ ಚಿತ್ರ. ಅದನ್ನೇ ನಂಬಿಕೊಂಡು ಹೊಟ್ಟೆ ಹೊರೆಯುವ ನಟರು ಕಡಿಮೆ. ರಂಗಮಂದಿರದ ರಜೆಯಲ್ಲಿ ಶೂಟಿಂಗು, ರಜೆ ಮುಗಿದರೆ ಮತ್ತೆ ನಾಟಕ.

ಸಮಸ್ಯೆ ಎಲ್ಲಿತ್ತು

ಮುಂದೆ 90ರ ದಶಕದ ಕೊನೆಗೆ ಈ ಸ್ಟುಡಿಯೊ ಮುಚ್ಚಿದ್ದೇ ಇವರ ಸಮಸ್ಯೆ ಎಂದು ಮೊದಲು ನಾನೂ ಅಂದುಕೊಂಡಿದ್ದೆ. ಅದಲ್ಲ. ಸಮಸ್ಯೆ ಇವರ ಒಳ್ಳೆಯ ಕಾಲದಲ್ಲೇ ಶುರುವಾಗಿತ್ತು.

70ರ ದಶಕದ ಮೊದಲಲ್ಲಿ ಹೊರಗಿನ ಒಂದು ದೊಡ್ಡ ಸ್ಟುಡಿಯೊ ಕಾರಾಕುಮ್ ಮರಳುಗಾಡಿಗೆ ಬಂತು. 20ರ ದಶಕದ ಅಂತರ್ಯುದ್ಧದ ಸಾಹಸ ಚಿತ್ರ. ಕೆಂಪು ಸೇನೆಯ ಹೀರೊ ರಷ್ಯದವನು. ಕ್ರಾಂತಿಯ ವಿರುದ್ಧ ಬಂದೂಕು ಹಿಡಿದ ಬಸ್ಮಚಿ ಡಕಾಯಿತರು ಸ್ಥಳೀಯರು. ಇಂಥ ಚಿತ್ರ ಆಗ ಸಾಲುಸಾಲಾಗಿ ಬರುತ್ತಿದ್ದವು. ಆಗಾಗೆ ಡಕಾಯಿತರ ನಾಯಕನ ಪಾತ್ರ ಸಿಕ್ಕಿತು. ಮೈಮೇಲೆ ಕೆಂಪು ಪಟ್ಟೆಯ ಉದ್ದ ನಿಲುವಂಗಿ, ತಲೆ ಮೇಲೆ ತೆಲ್ಪೆಕ್. ತೆಲ್ಪೆಕ್ ಅಂದರೆ ಕುರಿಯ ಉಣ್ಣೆ ಸಮೇತ ಹೊಲಿದ ಬುಟ್ಟಿಯಂಥ ಟೊಪ್ಪಿ. ನೋಡಿದರೆ ನಮಗೇ ಬೆವರು ಬರುತ್ತದೆ. ಆದರೆ ಬಿಸಿಲು ಒಳಗೆ ಇಳಿಯದ ಹಾಗೆ ತಡೆಯುವುದೂ ಅದೇ ಉಣ್ಣೆ. ಕುರುಬರು ಸುಮ್ನೆ ಹಾಕಿಕೊಳ್ಳುವುದಿಲ್ಲ.

ತೊಂದರೆ ಟೊಪ್ಪಿಯದಲ್ಲ, ಗಡ್ಡದ್ದು. ಅಂಟಿನಿಂದ ಹಚ್ಚಿದ ಗಡ್ಡ 45 ಡಿಗ್ರಿ ಬಿಸಿಲಿನಲ್ಲಿ ಅರ್ಧ ಗಂಟೆ ನಿಲ್ಲುತ್ತಿರಲಿಲ್ಲ. ಕುದುರೆ ಮೇಲೆ ಕೂತು, ಕತ್ತಿ ಎತ್ತಿ, ಸೆರೆಸಿಕ್ಕ ಹೀರೊಗೆ ಧಮಕಿ ಹಾಕುವ ಒಂದು ಶಾಟ್ ಇತ್ತು. ಏಳು ಟೇಕ್ ಆಯಿತು. ಏಳನೆಯದರಲ್ಲಿ ಎಡಗೆನ್ನೆಯ ಅಂಟು ಬಿಟ್ಟಿತು. ಆಗಾ ಮುಖದ ಭಾವ ಬದಲಿಸಲಿಲ್ಲ, ಕತ್ತಿಯನ್ನೂ ಇಳಿಸಲಿಲ್ಲ. ಸಂಭಾಷಣೆಯ ಬದಲು ತಮ್ಮ ಭಾಷೆಯಲ್ಲಿ ಬಾಯಿಗೆ ಬಂದದ್ದು ಹೇಳಿದರು, ಅಷ್ಟೇ ಗುಡುಗಿನಲ್ಲಿ. ನಿರ್ದೇಶಕರಿಗೆ ಭಾರೀ ಖುಷಿಯಾಯಿತು. ಅದೇ ಟೇಕ್ ಓಕೆ.

ಹೀಗೆ ಏನು ಬೇಕಾದರೂ ಹೇಳಬಹುದಿತ್ತು, ಯಾಕೆಂದರೆ ಅಲ್ಲಿನ ದನಿ ಚಿತ್ರಕ್ಕೆ ಹೋಗುತ್ತಲೇ ಇರಲಿಲ್ಲ. ಕ್ಯಾಮೆರಾದ ಸದ್ದು, ಗಾಳಿಯ ಸದ್ದು ಎಲ್ಲ ಸೇರುವುದರಿಂದ ಮಾತನ್ನು ಆಮೇಲೆ ಸ್ಟುಡಿಯೊದಲ್ಲಿ ಕೂಡಿಸುವುದು ರೂಢಿ. ಆಗಾ ಅವರ ರಷ್ಯನ್‌ನಲ್ಲಿ ತುರ್ಕ್‌ಮೆನ್ ಎಳೆತ ಇತ್ತು. ಅದಕ್ಕೆ ರಷ್ಯದ ನಟರೊಬ್ಬರು ಬಂದು ಮಾತು ಕೊಟ್ಟರು. ‘ಯಾವ ಭಾಷೆಯಲ್ಲಾದರೂ ಹೇಳು, ತುಟಿ ಆಡಿದರೆ ಸಾಕು’ ಎಂದು ಸಹಾಯಕರು ಮೊದಲ ದಿನವೇ ಹೇಳಿದ್ದರಂತೆ. ಚಿತ್ರ ಒಕ್ಕೂಟದ ತುಂಬಾ ಓಡಿತು. ರೀಗಾದಿಂದ ವ್ಲಾದಿವಸ್ತೋಕ್‌ವರೆಗೆ ಜನ ಆ ಮುಖ ಗುರುತು ಹಿಡಿದರು. ಆಗಾ ಬಾಯಿ ತೆರೆದ ಕೂಡಲೇ ಆ ಜನರ ಮುಖ ಸಪ್ಪಗಾಗುತ್ತಿತ್ತು. ಅವರು ಕೇಳಲು ಕಾದಿದ್ದ ದಪ್ಪ ದನಿ ಅದಾಗಿರಲಿಲ್ಲ.

ಮುಂದೆ ಹತ್ತು ಹನ್ನೆರಡು ವರ್ಷ ಇದೇ. ಬಸ್ಮಚಿ, ಖಾನನ ಸೇವಕ, ಆಫ್ಘನ್ ಸರದಾರ, ಇರಾನಿ ಕಳ್ಳಸಾಗಣೆದಾರ. ಮುಖ ಒಂದೇ, ದನಿ ಪ್ರತಿ ಸಲ ಬೇರೆ.

ಬೇರೆ ಥರದ ಸಿನಿಮಾನೂ ಅದೇ ಹೊತ್ತಿಗೆ ಅಲ್ಲೇ ಆಗುತ್ತಿತ್ತು. ಖೋಜಾಕುಲಿ ನಾರ್ಲಿಯೆವ್ 1972ರಲ್ಲಿ ಮಾಡಿದ ‘ಸೊಸೆ’ ಎಂಬ ಚಿತ್ರದಲ್ಲಿ ಯುದ್ಧದಿಂದ ವಾಪಸ್ ಬಾರದ ಗಂಡನಿಗಾಗಿ ಕಾಯುವ ಹೆಂಗಸು ಮರಳುಗಾಡಿನಲ್ಲಿ ಮಾವನ ಜೊತೆ ಇರುತ್ತಾಳೆ. ಆ ಪಾತ್ರ ಮಾಡಿದ್ದು ಮಾಯಾ-ಗೋಜೆಲ್ ಐಮೆದೋವಾ. ಮಾರನೆ ವರ್ಷ ಅದಕ್ಕೆ ಒಕ್ಕೂಟದ ರಾಜ್ಯ ಪ್ರಶಸ್ತಿ ಬಂತು. ಅದರಲ್ಲಿ ಮಾತು ತೀರಾ ಕಡಿಮೆ. ಮಾತೇ ಇಲ್ಲದ ಕಡೆ ಯಾರೂ ನಿಮ್ಮ ದನಿ ಕಿತ್ತುಕೊಳ್ಳಲಾರರು ಎಂದು ನನಗೆ ಅನ್ನಿಸುತ್ತದೆ. ಅಂಥ ಪಾತ್ರ ಆಗಾಗೆ ಒಂದೂ ಸಿಗಲಿಲ್ಲ. ಡಕಾಯಿತರಿಗೆ ಅವರ ಮುಖ ಅಷ್ಟು ಚೆನ್ನಾಗಿ ಒಪ್ಪುತ್ತಿತ್ತು.

ಮೊದಲ ತಿರುವು

70ರ ದಶಕದ ಕೊನೆಗೆ ಒಂದು ಕರೆ ಬಂತು. ರಂಗಮಂದಿರ ಬಿಡಿ, ಹೊರಗೆ ಬಂದು ನೆಲೆಸಿ, ವರ್ಷಕ್ಕೆ ಎರಡು ಮೂರು ಚಿತ್ರ ಖಾತ್ರಿ. ಜೊತೆಯಲ್ಲಿ ಓದಿದ ಗೆಳೆಯನಿಗೂ ಅದೇ ಕರೆ ಹೋಗಿತ್ತು. ಗೆಳೆಯ ಹೋದ. ಆಗಾ ಹೋಗಲಿಲ್ಲ.

ಇದನ್ನು ದೂರದೃಷ್ಟಿ ಎಂದು ಹೊಗಳಬೇಕಿಲ್ಲ. ಹೆಂಡತಿ ಶಾಲೆಯಲ್ಲಿ ಟೀಚರ್, ತಾಯಿಗೆ ಕಣ್ಣು ಕಾಣುತ್ತಿರಲಿಲ್ಲ, ಸರ್ಕಾರಿ ಫ್ಲಾಟ್ ಆಗಷ್ಟೇ ಸಿಕ್ಕಿತ್ತು. ಇಷ್ಟೇ ಕಾರಣ. ಆದರೆ ಇದರಿಂದ ಆದದ್ದು ದೊಡ್ಡದು. ಗೆಳೆಯ ಹದಿನೈದು ವರ್ಷ ಇವರಿಗಿಂತ ಜಾಸ್ತಿ ದುಡಿದ, ಜಾಸ್ತಿ ಹೆಸರು ಮಾಡಿದ. ಆಗಾ ವಾರಕ್ಕೆ ನಾಲ್ಕು ಸಂಜೆ ತಮ್ಮ ಭಾಷೆಯಲ್ಲಿ, ಮೈಕ್ ಇಲ್ಲದೆ, ಕಡೇ ಸಾಲಿನವರಿಗೂ ಕೇಳುವಂತೆ ಮಾತಾಡಿದರು. ಅದು ಅವರಿಗೆ ಆಗ ಗಾಣದೆತ್ತಿನ ಕೆಲಸದ ಹಾಗೆ ಕಂಡಿತ್ತು. ಅದನ್ನೂ ಬರೆಯಬೇಕು.

ಕುಸಿತ, ಮತ್ತು ಮಾಡಿ ನೋಡಿದ್ದು

1986ರ ಮೇ ತಿಂಗಳಲ್ಲಿ ಸೋವಿಯತ್ ಸಿನಿಮಾದವರ ಸಂಘ ತನ್ನ ಐದನೇ ಮಹಾಸಭೆಯಲ್ಲಿ ಹಳೆ ಮುಖಂಡರನ್ನು ಇಳಿಸಿತು. ಸರ್ಕಾರ ತಡೆದು ಪೆಟ್ಟಿಗೆಯಲ್ಲಿ ಕೊಳೆಯುತ್ತಿದ್ದ ಚಿತ್ರಗಳು ಹೊರಬಂದವು. ಖಾಸಗಿ ವ್ಯವಹಾರಕ್ಕೆ ಬಾಗಿಲು ತೆರೆದ 1988ರ ಸಹಕಾರಿ ಕಾಯ್ದೆ ಆದ ಮೇಲೆ ದುಡ್ಡಿದ್ದವರೆಲ್ಲ ನಿರ್ಮಾಪಕರಾದರು. ಕಪ್ಪು ಹಣ ಬಿಳಿ ಮಾಡಿಕೊಳ್ಳಲು ಸಿನಿಮಾಕ್ಕಿಂತ ಸುಲಭದ ದಾರಿ ಇರಲಿಲ್ಲ. ಆಗಾ ಅಂಥದ್ದೊಂದು ಚಿತ್ರದಲ್ಲಿ ಮಾಡಿದರು. ಸಂಭಾವನೆಯಾಗಿ ದುಡ್ಡಿನ ಬದಲು ಒಂದು ವಿಸಿಆರ್ ಕೊಟ್ಟರು. ಚಿತ್ರ ಬಿಡುಗಡೆ ಆಗಲೇ ಇಲ್ಲ. ವಿಸಿಆರ್ ಮಾತ್ರ ಬಹಳ ವರ್ಷ ಓಡಿತು.

1991ರ ಅಕ್ಟೋಬರ್ 27ಕ್ಕೆ ತುರ್ಕ್‌ಮೆನಿಸ್ತಾನ ಸ್ವತಂತ್ರವಾಯಿತು. ಅಲ್ಲಿಯವರೆಗೆ ಚಿತ್ರಕ್ಕೆ ದುಡ್ಡು ಬರುತ್ತಿದ್ದದ್ದು ಮಾಸ್ಕೊದಿಂದ, ಮಾರಾಟ ಆಗುತ್ತಿದ್ದದ್ದು ಹದಿನೈದು ಗಣರಾಜ್ಯಗಳಲ್ಲಿ. ಎರಡೂ ಒಟ್ಟಿಗೇ ನಿಂತವು. 1993ರಲ್ಲಿ ನೀರು, ಗ್ಯಾಸ್, ಕರೆಂಟು ಜನರಿಗೆ ಪುಕ್ಕಟೆ ಎಂದಾಯಿತು. ಗ್ಯಾಸ್ ಪುಕ್ಕಟೆ, ಬೆಂಕಿಪೊಟ್ಟಣಕ್ಕೆ ಕಾಸು. ಅದಕ್ಕೇ ಎಷ್ಟೋ ಮನೆಗಳಲ್ಲಿ ಒಲೆ ಆರಿಸುತ್ತಲೇ ಇರಲಿಲ್ಲ. ಅದೇ ವರ್ಷ ನವೆಂಬರ್ 1ಕ್ಕೆ ಮನಾತ್ ನೋಟು ಬಂತು, ಡಾಲರಿಗೆ 2 ಮನಾತ್. ದಶಕ ಮುಗಿಯುವ ಹೊತ್ತಿಗೆ ಸರ್ಕಾರಿ ಲೆಕ್ಕದಲ್ಲೇ ಅದು 5,200. ಸಂತೆಯಲ್ಲಿ ಇನ್ನೂ ಎಷ್ಟೋ ಪಟ್ಟು. ಆಗಾ ಬ್ಯಾಂಕಿನಲ್ಲಿಟ್ಟಿದ್ದ ಸಿನಿಮಾ ಉಳಿತಾಯ ಈ ನಡುವೆ ಎಲ್ಲಿ ಕರಗಿತೋ!

ಅದೇ 1993ರಲ್ಲಿ ಲಿಪಿಯೂ ಬದಲಾಯಿತು. ರಷ್ಯನ್ ಲಿಪಿ ಹೋಗಿ ಲ್ಯಾಟಿನ್ ಬಂತು. ಮೊದಲ ಕರಡಿನಲ್ಲಿ ಡಾಲರ್, ಪೌಂಡ್, ಯೆನ್ ಗುರುತುಗಳೇ ಅಕ್ಷರಗಳಾಗಿದ್ದವು, ಆಮೇಲೆ ಅವನ್ನು ಕೈಬಿಟ್ಟರು. ಹಿರಿಯ ನಟರು ರಂಗಪ್ರತಿಯನ್ನು ಕೂಡಿಸಿ ಕೂಡಿಸಿ ಓದುವಂತಾಯಿತು. ಆಗಾ ಒಂದು ಉಪಾಯ ಮಾಡಿದರು. ಹೆಂಡತಿ ಹೊಸ ಲಿಪಿಯಲ್ಲಿ ಓದಿ ಹೇಳುವುದು, ಇವರು ಹಳೆ ಲಿಪಿಯಲ್ಲಿ ನೋಟ್‌ಬುಕ್ಕಿಗೆ ಬರೆದುಕೊಳ್ಳುವುದು. ಹಾಗೆ ಮಾಡುವಾಗ ಪ್ರತಿ ಮಾತೂ ಎರಡೆರಡು ಸಲ ಕಿವಿಗೆ ಬಿತ್ತು. ‘ನನಗೆ ನನ್ನ ಭಾಷೆ ಸರಿಯಾಗಿ ಕೇಳಿಸಿದ್ದೇ ಐವತ್ತರ ಮೇಲೆ’ ಅನ್ನುತ್ತಿದ್ದರು.

1995ರಲ್ಲಿ ಮಾಸ್ಕೊಗೆ ಹೋದರು. ಇದು ಎರಡನೇ ತಿರುವು, ಈ ಪ್ರಕರಣದಲ್ಲಿ ನನಗೆ ತುಂಬಾ ಕಾಡಿದ ಭಾಗ. ಗೆಳೆಯನ ಕೋಣೆಯಲ್ಲಿ ಎಂಟು ತಿಂಗಳು. ಸಿಕ್ಕಿದ್ದು ಎರಡು ಸಣ್ಣ ಪಾತ್ರ. ಒಂದರಲ್ಲಿ ಸಂತೆಯಲ್ಲಿ ಕರಬೂಜ ಮಾರುವವನು. ಇನ್ನೊಂದರಲ್ಲಿ ಮಾದಕವಸ್ತು ಸಾಗಿಸುವವನು. ಕರಬೂಜದವನ ಶೂಟಿಂಗ್ ದಿನ ಆಗಾ ತಮ್ಮ ಎರಡು ಸಾಲನ್ನು ಶುದ್ಧ ರಷ್ಯನ್‌ನಲ್ಲಿ ಹೇಳಿದರು. ಇಪ್ಪತ್ತೈದು ವರ್ಷ ತಿದ್ದಿ ತೀಡಿದ ರಷ್ಯನ್. ನಿರ್ದೇಶಕ ಮಗನ ವಯಸ್ಸಿನವನು. ಕಟ್ ಹೇಳಿ, ಬಹಳ ಮರ್ಯಾದೆಯಿಂದಲೇ ಕೇಳಿದ: ‘ಸ್ವಲ್ಪ ತಪ್ಪು ತಪ್ಪಾಗಿ ಮಾತಾಡ್ತೀರಾ? ನೀವು ಹೀಗೆ ಮಾತಾಡಿದರೆ ಯಾರೂ ನಂಬೋದಿಲ್ಲ.’

ಹಿಂದೆ ಉಚ್ಚಾರ ಸರಿಯಿಲ್ಲ ಎಂದು ಬಾಯಿ ಮುಚ್ಚಿಸಿದ್ದರು. ಈಗ ಉಚ್ಚಾರ ಸರಿಯಿದೆ ಎಂದು ತಕರಾರು. ಆಗಾ ಕೇಳಿದಂತೆ ಮಾಡಿಕೊಟ್ಟರು, ದುಡ್ಡು ತೆಗೆದುಕೊಂಡರು, ಮುಂದಿನ ತಿಂಗಳು ಊರಿಗೆ ಹೊರಟರು. ರಷ್ಯನ್ ಪಾಸ್‌ಪೋರ್ಟಿಗೂ ಅರ್ಜಿ ಹಾಕಲಿಲ್ಲ. 1993ರ ಒಪ್ಪಂದದಲ್ಲಿ ಎರಡೂ ದೇಶದ ಪೌರತ್ವ ಇಟ್ಟುಕೊಳ್ಳಬಹುದಿತ್ತು, ಹಾಗಾಗಿ ಎಷ್ಟೋ ಮಂದಿ ತಗೊಂಡಿದ್ದರು. 2003ರಲ್ಲಿ ತುರ್ಕ್‌ಮೆನ್ ಸರ್ಕಾರ ಆ ಏರ್ಪಾಟನ್ನು ರದ್ದು ಮಾಡಿ, ಎರಡರಲ್ಲಿ ಒಂದನ್ನು ಬೇಗ ಆರಿಸಿಕೊಳ್ಳಿ ಅಂದಿತು. ಗೆಳೆಯ ಅಲ್ಲೇ ಉಳಿದ. ಇಬ್ಬರೂ ಮತ್ತೆ ಭೇಟಿ ಆಗಲಿಲ್ಲ.

ಮದುವೆ ಮನೆಯ ಮೈಕು

90ರ ದಶಕದ ಕೊನೆಗೆ ಸ್ಟುಡಿಯೊ ಬಾಗಿಲು ಹಾಕಿತು. 2001ರಲ್ಲಿ ಅಧ್ಯಕ್ಷ ನಿಯಾಜೊವ್ ಒಪೆರಾ, ಬ್ಯಾಲೆ ನಿಲ್ಲಿಸಿದರು. ಸರ್ಕಸ್ ಕೂಡ ಮುಚ್ಚಿತು. ರಂಗಮಂದಿರ ಉಳಿಯಿತು, ಸಂಬಳ ಹೆಸರಿಗೆ ಮಾತ್ರ. ಹಬ್ಬ ಬಂದರೆ ಕಲಾವಿದರೆಲ್ಲ ಸಾಲಾಗಿ ನಿಲ್ಲಬೇಕು. ಅಧ್ಯಕ್ಷರೇ ಬರೆದ ಪುಸ್ತಕ ‘ರುಹ್‌ನಾಮಾ’ದ ಸಾಲುಗಳನ್ನು ಆಗಾನೂ ವೇದಿಕೆಯಿಂದ ಓದಿದರು. ಒಲ್ಲೆ ಎಂದವರಿಗೆ ಕೆಲಸ ಇರುತ್ತಿರಲಿಲ್ಲ. ಓದಿದ್ದಕ್ಕೆ ಅವರನ್ನು ಬೈಯುವವರಿದ್ದಾರೆ. ನಾನಿಲ್ಲಿ ಸುಖವಾಗಿ ಕೂತು ಅವರ ಪರವಾಗಿಯೋ ವಿರುದ್ಧವಾಗಿಯೋ ತೀರ್ಪು ಕೊಡಲು ಹೋಗುವುದಿಲ್ಲ. ಅದರ ಬಗ್ಗೆ ಅವರು ಮಾತೇ ಆಡುತ್ತಿರಲಿಲ್ಲ ಎಂಬುದನ್ನಷ್ಟೇ ಬರೆಯುತ್ತೇನೆ.

ಹೊಟ್ಟೆಪಾಡು ನಡೆದದ್ದು ತೋಯ್‌ಗಳಿಂದ. ತೋಯ್ ಅಂದರೆ ಮದುವೆ, ಸುನ್ನತಿ, ಯಾವುದೇ ಸಂಭ್ರಮ. ಅಲ್ಲಿ ನಿರೂಪಕ ಇಲ್ಲದೆ ಯಾವುದೂ ಕದಲುವುದಿಲ್ಲ. ದೊಡ್ಡ ಕಡಾಯಿಯಲ್ಲಿ ಪಲಾವ್ ಬೇಯುತ್ತಿರುತ್ತದೆ. ಇನ್ನೂರು ಮುನ್ನೂರು ಜನ ಕೂತಿರುತ್ತಾರೆ. ನೆಂಟರನ್ನು ಯಾವ ಕ್ರಮದಲ್ಲಿ ಕರೆಯಬೇಕು, ಯಾರನ್ನು ಯಾರ ಮೊದಲು ಕರೆದರೆ ಜಗಳ, ಹರಕೆಯ ಮಾತು ಎಷ್ಟು ಉದ್ದ, ಚಟಾಕಿ ಎಲ್ಲಿ, ಎಲ್ಲ ಅವನ ತಲೆಯಲ್ಲಿರಬೇಕು. ಮೊದಲ ವರ್ಷ ಆಗಾಗೆ ನಾಚಿಕೆ. ಶೇಕ್ಸ್‌ಪಿಯರ್ ಆಡಿದ ಬಾಯಿ, ಈಗ ‘ವರನ ದೊಡ್ಡಮ್ಮನವರು ಬರಬೇಕು’ ಎಂದು ಕೂಗುವುದೇ? ತೆಲ್ಪೆಕ್ ಹಣೆಯವರೆಗೆ ಎಳೆದುಕೊಂಡು ನಿಲ್ಲುತ್ತಿದ್ದರಂತೆ, ಹಳೆ ಅಭಿಮಾನಿಗಳು ಗುರುತು ಹಿಡಿಯಬಾರದೆಂದು.

ಗುರುತು ಹಿಡಿದದ್ದು ಮಾತ್ರ ಬೇರೆ ಥರ. ಒಂದು ತೋಯ್‌ನಲ್ಲಿ ಕರೆಂಟು ಹೋಗಿ ಮೈಕ್ ಕೈಕೊಟ್ಟಿತು. ಆಗಾ ಮೈಕ್ ಪಕ್ಕಕ್ಕಿಟ್ಟು ಹಾಗೇ ಮುಂದುವರಿಸಿದರು. ಅಂಗಳದ ಆ ತುದಿಯವರೆಗೆ ಕೇಳಿಸಿತು. ಊಟ ಮಾಡುತ್ತಿದ್ದ ಒಬ್ಬ ಮುದುಕ ಕೈ ನಿಲ್ಲಿಸಿ, ‘ಈ ದನಿ ನನಗೆ ಗೊತ್ತು, ನಾಟಕದ್ದು’ ಎಂದ. ಸಿನಿಮಾದ್ದು ಅನ್ನಲಿಲ್ಲ.

ಆಮೇಲೆ 2005ರ ಆಗಸ್ಟ್. ನಿಯಾಜೊವ್ ಇನ್ನೊಂದು ಆಜ್ಞೆ ಹೊರಡಿಸಿದರು. ಸಮಾರಂಭ, ಟಿವಿ, ಮದುವೆ, ಎಲ್ಲೂ ರೆಕಾರ್ಡ್ ಮಾಡಿದ ಹಾಡು ಹಾಕಿ ತುಟಿ ಆಡಿಸುವಂತಿಲ್ಲ. ಹೊರಗಿನ ಪತ್ರಿಕೆಗಳು ಇದನ್ನು ಸರ್ವಾಧಿಕಾರಿಯ ತಮಾಷೆ ಎಂದು ಬರೆದವು. ಅದಕ್ಕೂ ಮುಂಚೆ 2004ರಲ್ಲಿ ಹುಡುಗರು ಗಡ್ಡ ಬಿಡಬಾರದು ಅಂದಿದ್ದರು, ಅದನ್ನು ಕೇಳಿ ಆಗಾ ಕೆನ್ನೆ ಸವರಿಕೊಂಡು ನಕ್ಕಿದ್ದರಂತೆ. ಆದರೆ ಈ ಎರಡನೇ ಆಜ್ಞೆಯಿಂದ ಕ್ಯಾಸೆಟ್ ನಂಬಿದ್ದ ತಂಡಗಳು ಕಂಗಾಲಾದವು. ನಿಜವಾಗಿ ಬಾಯಿ ಬಿಟ್ಟು ಮಾತಾಡಬಲ್ಲವರಿಗೆ, ಹಾಡಬಲ್ಲವರಿಗೆ ಕರೆ ಮೇಲೆ ಕರೆ. ದನಿ ಕಸಿದುಕೊಂಡ ಕಾಲದಲ್ಲಿ ಹೆಸರು ಬಂದಿತ್ತು. ದನಿಗೆ ಬೆಲೆ ಬಂದದ್ದು ಇಂಥ ಆಜ್ಞೆಯಿಂದ!

ಇದರಿಂದ ಏನು ತಿಳಿಯುತ್ತದೆ

ಆಗಾ ಅವರ ಪಾತ್ರಗಳ ಪಟ್ಟಿ ಹಿಡಿದು ನೋಡಿದರೆ ಇದು ಒಬ್ಬ ನಟನ ಇಳಿತ. 70ರ ದಶಕದಲ್ಲಿ ತುದಿಗೇರಿ, 90ರ ನಂತರ ಸೊನ್ನೆ. ಅವರು ಸ್ವಂತ ದನಿಯಲ್ಲಿ ಜನರ ಮುಂದೆ ಮಾತಾಡಿದ ಗಂಟೆ ಎಣಿಸಿದರೆ ಗೆರೆ ಬೇರೆ ಥರ ಹೋಗುತ್ತದೆ. ಯಾವುದನ್ನು ಎಣಿಸುತ್ತೀರಿ ಅನ್ನುವುದರ ಮೇಲೆ ಪ್ರಕರಣವೇ ಬದಲಾಗುತ್ತದೆ. ನಾನು ಇದನ್ನು ತರಗತಿಯಲ್ಲಿ ಇಟ್ಟಾಗ ಹುಡುಗರು ತಕ್ಷಣ ‘ಎರಡು ಕೆಲಸ ಕಲಿತಿರಬೇಕು’ ಅಂದರು. ಅಷ್ಟು ಸಲೀಸಲ್ಲ. ಆಗಾ ಎರಡನೇ ಕೆಲಸ ಕಲಿಯಲಿಲ್ಲ. ಬಖ್ಷಿಯನ್ನು ಅಣಕಿಸಿದ ಹುಡುಗನ ಕೆಲಸವನ್ನೇ ರಂಗಮಂದಿರ ಐವತ್ತು ವರ್ಷ ಸಾಣೆ ಹಿಡಿಯಿತು, ಸಿನಿಮಾಕ್ಕೆ ಅದು ಬೇಕಿರಲಿಲ್ಲ.

ಇನ್ನೊಂದು. ಅವರ ಬದುಕು ತಿರುಗಿದ ಕಡೆಯೆಲ್ಲ ಅವರು ಯೋಚಿಸಿ ನಿರ್ಧಾರ ಮಾಡಿದ್ದು ಮಾಸ್ಕೊದಿಂದ ಹೊರಟಾಗ ಒಮ್ಮೆ ಮಾತ್ರ. ಉಳಿದದ್ದೆಲ್ಲ ತಾಯಿಯ ಕಣ್ಣು, ಹೆಂಡತಿಯ ಕೆಲಸ, ಫ್ಲಾಟಿನ ಬೀಗದ ಕೈ. ಗೆಳೆಯನೂ ದಡ್ಡನಲ್ಲ. ಅವನ ತಾಯಿಗೆ ಕಣ್ಣು ಚೆನ್ನಾಗಿತ್ತು, ಅಷ್ಟೆ.

ಕೊನೆಯ ರೆಕಾರ್ಡಿಂಗ್

ನಿಯಾಜೊವ್ 2006ರ ಡಿಸೆಂಬರ್‌ನಲ್ಲಿ ತೀರಿಕೊಂಡರು. ಮುಂದೆ ಬಂದವರು ಒಪೆರಾ, ಸರ್ಕಸ್ ವಾಪಸ್ ತಂದರು. ಸ್ಟುಡಿಯೊನೂ ತುರ್ಕ್‌ಮೆನ್ನರ ಪುರಾಣದ ಮೂಲಪುರುಷ ಓಗುಜ್ ಖಾನ್ ಹೆಸರಿನಲ್ಲಿ ಮತ್ತೆ ತೆರೆಯಿತು. ಆಗಾಗೆ ಅಜ್ಜನ ಪಾತ್ರಗಳು ಬಂದವು. ಗಡ್ಡ ಈಗ ಸ್ವಂತದ್ದು, ಅಂಟು ಬೇಡ. ಹೊಸ ಚಿತ್ರಗಳಲ್ಲಿ ಅಜ್ಜನಿಗೆ ಹರಸುವುದು ಬಿಟ್ಟು ಬೇರೆ ಕೆಲಸ ಇರುತ್ತಿರಲಿಲ್ಲ. ಎರಡು ಮಾಡಿ ಸಾಕು ಮಾಡಿಕೊಂಡರು. ಎಳೆಯ ನಟರಿಗೆ ಮಾತು ಕಲಿಸುವ ಕೆಲಸ ಕೇಳಿ ಪಡೆದರು.

ಆ ಶಿಷ್ಯರಲ್ಲೊಬ್ಬ ಧ್ವನಿ ವಿಭಾಗದವನು. ಎಲ್ಲಿಂದಲೋ ಆ ಹಳೆ ಡಕಾಯಿತರ ಚಿತ್ರದ ಕಾಪಿ ತಂದ. ಅಭ್ಯಾಸಕ್ಕೆಂದು ಅದಕ್ಕೆ ತುರ್ಕ್‌ಮೆನ್ ಮಾತು ಕೂಡಿಸೋಣ, ನಿಮ್ಮ ಪಾತ್ರಕ್ಕೆ ನೀವೇ ಮಾತು ಕೊಡಿ ಆಗಾ, ಅಂದ. ತುರ್ಕ್‌ಮೆನ್ ಸಂಭಾಷಣೆ ಎಲ್ಲೂ ಬರೆದಿಟ್ಟಿರಲಿಲ್ಲ. ಆಗಾ ಸದ್ದು ಬಂದ್ ಮಾಡಿಸಿ, ಮೂವತ್ತರ ತಮ್ಮ ತುಟಿಗಳನ್ನು ನೋಡಿ ನೋಡಿ, ಆವತ್ತು ಏನು ಹೇಳಿದ್ದೆ ಎಂದು ಒಂದೊಂದೇ ಮಾತು ಹೆಕ್ಕಿದರು. ಮೂರು ದಿನ ಹಿಡಿಯಿತು.

ಕತ್ತಿ ಎತ್ತಿದ ಶಾಟ್ ಬಂತು. ಹುಡುಗ ರಷ್ಯನ್ ಸಂಭಾಷಣೆ ಅನುವಾದ ಮಾಡಿ ತಂದಿದ್ದ. ನಿನ್ನ ರಕ್ತ ಈ ಮರಳು ಕುಡಿಯುತ್ತದೆ ಎಂದೇನೋ ಇತ್ತು. ತುಟಿಗೆ ಹೊಂದಲಿಲ್ಲ. ಮತ್ತೆ ಓಡಿಸಿದರು, ಮತ್ತೆ ಹೊಂದಲಿಲ್ಲ. ನಾಲ್ಕನೇ ಸಲ ಆಗಾ ಇದ್ದಕ್ಕಿದ್ದಂತೆ ನಗಲು ಶುರು ಮಾಡಿದರು. ಕಣ್ಣೊರೆಸಿಕೊಂಡು ಮೈಕ್ ಹತ್ತಿರ ಎಳೆದುಕೊಂಡರು. ಓಡಿಸು ಎಂದು ಕೈ ಮಾಡಿದರು. ಕುದುರೆ ಬಂತು, ಕತ್ತಿ ಎದ್ದಿತು, ಎಡಗೆನ್ನೆಯ ಮೇಲೆ ಒಂದು ಸಣ್ಣ ನೆರಳು ಅಲುಗಿತು. ಗುಡುಗಿನಂಥ ದನಿಯಲ್ಲಿ ಹೇಳಿದರು:

‘ಗಡ್ಡ ಕಿತ್ಕೊಂಡು ಬರ್ತಿದೆ, ಬೇಗ ಮುಗಿಸ್ರೋ ಕತ್ತೆಗಳಾ!’

ಒಂದಕ್ಷರ ಆಚೀಚೆ ಆಗದೆ ತುಟಿಗೆ ಕೂತಿತು. ಹುಡುಗ ಅದನ್ನು ಹಾಗೇ ಉಳಿಸಿಕೊಂಡಿದ್ದಾನೆ.